ಬ್ರಿಗಿತ್: ಒಂದು ಐರಿಷ್ ಹೆಣ್ಣುಹೆಸರಿನ ಮೂರು ಅರ್ಥಗಳು ಮತ್ತು ಅವುಗಳ ಕಾಲ

ಇಂದಿನ ಐರಿಷಿನಲ್ಲಿ ಬ್ರೀದ್, ಇಂಗ್ಲಿಷಿನಲ್ಲಿ ಬ್ರಿಜೆಟ್, ಫ್ರೆಂಚಿನಲ್ಲಿ ಬ್ರಿಜಿತ್, ಸ್ವೀಡಿಷಿನಲ್ಲಿ ಬಿರ್ಗಿತ್ತಾ ಎಂಬ ರೂಪಗಳನ್ನು ತಳೆದಿರುವ ಹೆಣ್ಣುಹೆಸರಿನ ಮೂಲ ಹಳೆಯ ಐರಿಷಿನ ಬ್ರಿಗಿತ್. ಮಕ್ಕಳಿಗೆ ಇಡಬಹುದಾದ ಹೆಸರುಗಳ ಕೈಪಿಡಿಗಳಲ್ಲಿ ಈ ಹೆಸರಿನ ಎದುರು ಸಾಮಾನ್ಯವಾಗಿ ಮೂರು ಅರ್ಥಗಳು ಸಾಲಾಗಿ ನಿಂತಿರುತ್ತವೆ: ‘ಉನ್ನತಳಾದವಳು’, ‘ಬೆಂಕಿಯ ಬಾಣ’, ‘ಶಕ್ತಿ’. ಅವುಗಳ ನಡುವೆ ಇರುವುದು ಬರಿಯ ಅಲ್ಪವಿರಾಮಗಳು. ಓದುವವರಿಗೆ ಮೂರೂ ಒಂದೇ ಮೂಲದಿಂದ ಒಟ್ಟಿಗೆ ಬಂದವೆಂಬ ಭಾವನೆ ಹುಟ್ಟುತ್ತದೆ. ವಾಸ್ತವದಲ್ಲಿ ಆ ಅಲ್ಪವಿರಾಮಗಳ ಜಾಗದಲ್ಲಿ ಒಂದೊಂದು ಯುಗವೇ ಅಡಗಿದೆ. ಮೊದಲನೆಯ ಅರ್ಥ ಇತಿಹಾಸಪೂರ್ವದ್ದು, ಎರಡನೆಯದು ಮಧ್ಯಯುಗದ ಪಂಡಿತನೊಬ್ಬನ ಕೋಶದ್ದು, ಮೂರನೆಯದಕ್ಕೆ ಬಲ ಬಂದದ್ದು ಹೆಸರಿನ ಆಧುನಿಕ ಉಚ್ಚಾರಣೆಯಿಂದ. ಇವನ್ನು ಬೇರ್ಪಡಿಸಿ ನೋಡದೆ ಹೆಸರಿನ ಪೌರಾಣಿಕ ಬೇರುಗಳ ಬಗೆಗೆ ಏನನ್ನೂ ಹೇಳಲಾಗದು ಎಂಬುದು ಪ್ರಸ್ತುತ ಲೇಖನದ ನಿಲುವು.

ಲಿಪ್ಯಂತರದ ಬಗೆಗೆ ಒಂದು ಮಾತು ಅಗತ್ಯ. ಹಳೆಯ ಐರಿಷಿನ ಬರವಣಿಗೆಯಲ್ಲಿ ಸ್ವರದ ನಂತರ ಬರುವ ‘ತ’ಕಾರದ ಅಕ್ಷರ ಘೋಷ ‘ದ್’ ಧ್ವನಿಯನ್ನೂ, ಎರಡು ಸ್ವರಗಳ ನಡುವಣ ‘ಗ’ಕಾರದ ಅಕ್ಷರ ಘರ್ಷಧ್ವನಿಯನ್ನೂ ಸೂಚಿಸಬಲ್ಲವು. ಬ್ರಿಗಿತ್ ಎಂದು ಬರೆದುದನ್ನು ಅಂದಿನವರು ಹೆಚ್ಚುಕಡಿಮೆ ‘ಬ್ರಿಘಿದ್’ ಎಂದು ಉಚ್ಚರಿಸುತ್ತಿದ್ದರು. ಅಲ್ಲಿನ ‘ಘ’ ನಮ್ಮ ಮಹಾಪ್ರಾಣವಲ್ಲ, ಗಂಟಲಿನ ಬಳಿ ಉಜ್ಜಿ ಬರುವ ಧ್ವನಿ. ಇಲ್ಲಿ ಹಸ್ತಪ್ರತಿಗಳ ಅಕ್ಷರಗಳನ್ನು ಅನುಸರಿಸಿ ಬ್ರಿಗಿತ್ ಎಂದೇ ಬರೆಯಲಾಗಿದೆ.

ತೌಲನಿಕ ವ್ಯಾಕರಣದ ಮಟ್ಟಿಗೆ ಹೆಸರಿನ ನಿಷ್ಪತ್ತಿ ವಿವಾದಾತೀತವೆನ್ನುವಷ್ಟು ಸ್ಪಷ್ಟ. ಹಳೆಯ ಐರಿಷಿನ ಬ್ರಿಗಿತ್, ಷಷ್ಠಿಯಲ್ಲಿ ಬ್ರಿಗ್ತೆ, ಇವೆರಡೂ ಮೂಲ ಕೆಲ್ಟಿಕ್‌ನ *ಬ್ರಿಗಂತೀ ಎಂಬ ಸ್ತ್ರೀಲಿಂಗ ರೂಪದಿಂದ ಬಂದಿವೆ. ಅದರ ಹಿಂದಿರುವುದು ‘ಎತ್ತರವಾಗು, ಮೇಲೇರು’ ಎಂಬರ್ಥದ ಇಂಡೋ-ಯುರೋಪಿಯನ್ ಧಾತು *ಭೆರ್ಘ್-. ಈ ಧಾತುವಿನ ಕೃದಂತ ಸ್ತ್ರೀರೂಪ ಸಂಸ್ಕೃತದಲ್ಲಿ ಬೃಹತೀ ಎಂದು ಉಳಿದಿದೆ. ಕೆಲ್ಟಿಕ್‌ನಲ್ಲಿ ಮಹಾಪ್ರಾಣಗಳು ಅಲ್ಪಪ್ರಾಣಗಳಾದವು, ಸ್ಪರ್ಶ ವ್ಯಂಜನದ ಮುಂದಿನ ಋಕಾರ ‘ರಿ’ ಆಯಿತು, ಅಕ್ಷರರೂಪದ ಅನುನಾಸಿಕ ‘ಅನ್’ ಆಯಿತು. ಸಂಸ್ಕೃತದಲ್ಲಿ ತಾಲವ್ಯ ಘಕಾರ ಹಕಾರವಾಯಿತು. ಪದದಲ್ಲಿ ಎರಡು ಮಹಾಪ್ರಾಣಗಳು ಒಟ್ಟಿಗೆ ನಿಲ್ಲದೆಂಬ ಗ್ರಾಸ್ಮನ್ ನಿಯಮದಂತೆ ಮೊದಲ ಭಕಾರ ಬಕಾರಕ್ಕೆ ಇಳಿಯಿತು. ಅನುನಾಸಿಕ ಬರಿಯ ಅಕಾರವಾಯಿತು. ಹೀಗೆ ಬ್ರಿಗಂತೀ ಮತ್ತು ಬೃಹತೀ ಧ್ವನಿಗೆ ಧ್ವನಿ, ಪ್ರತ್ಯಯಕ್ಕೆ ಪ್ರತ್ಯಯ ಹೊಂದುವ ಜ್ಞಾತಿಪದಗಳು. ಅವೆಸ್ತದ ‘ಹರಾ ಬೆರೆಜೈತೀ’ ಎಂಬ ಪರ್ವತದ ಹೆಸರಿನ ಉತ್ತರಪದವೂ ಇದೇ. ಇರಾನಿನ ಇಂದಿನ ಅಲ್ಬುರ್ಜ್ ಪರ್ವತಶ್ರೇಣಿಯ ಹೆಸರು ಅದರಿಂದ ಬಂದದ್ದು. ಜರ್ಮಾನಿಕ್ ಶಾಖೆಯಲ್ಲಿ ಬರ್ಗಂಡಿಯನ್ನರ ಹೆಸರು ಇದೇ ಪದಕುಟುಂಬದ್ದು. ಮೊದಲ ಅರ್ಥವಾದ ‘ಉನ್ನತಳಾದವಳು’ ಎಂಬುದಕ್ಕೆ ಇಷ್ಟು ಗಟ್ಟಿಯಾದ ತಳಹದಿ ಇದೆ.

ಆದರೆ ಈ ಗಟ್ಟಿತನವೇ ನಮ್ಮನ್ನು ಎಡವಿಸಬಲ್ಲದು. ಪದ ಸಮಾನವೆಂದ ಮಾತ್ರಕ್ಕೆ ದೇವತೆ ಸಮಾನಳಾಗುವುದಿಲ್ಲ. ಸಂಸ್ಕೃತದ ಉದಾಹರಣೆ ನಮ್ಮ ಕೈಯಳತೆಯಲ್ಲೇ ಇದೆ. ಬೃಹತೀ ಎಂಬುದು 36 ಅಕ್ಷರಗಳ ಒಂದು ವೈದಿಕ ಛಂದಸ್ಸಿನ ಹೆಸರು, ಆಯುರ್ವೇದದಲ್ಲಿ ಒಂದು ಗಿಡದ ಹೆಸರು, ಋಗ್ವೇದದಲ್ಲಿ ಉಷೆಯ ವಿಶೇಷಣ, ದ್ವಿವಚನದಲ್ಲಿ ದ್ಯಾವಾಪೃಥಿವಿಗಳ ವಿಶೇಷಣ. ಛಂದಸ್ಸನ್ನೂ ಗಿಡವನ್ನೂ ಒಂದೇ ಪುರಾಣಕಥೆಯಿಂದ ಹುಟ್ಟಿಸಲು ಯಾರೂ ಹೊರಡುವುದಿಲ್ಲ. ಹಿರಿದಾದುದೆಲ್ಲಕ್ಕೂ ಹೊಂದುವ ಗುಣವಾಚಕವೊಂದು ಬೇರೆ ಬೇರೆ ಕಡೆ ಬೇರೆ ಬೇರೆ ಕಾಲದಲ್ಲಿ ಅಂಕಿತನಾಮವಾಗಿ ನೆಲೆನಿಂತಿತು, ಅಷ್ಟೆ. ಕೆಲ್ಟಿಕ್ ನೆಲದಲ್ಲಿಯೂ ಹೀಗೆಯೇ ಆಗಿರಬಹುದಾದ ಸಾಧ್ಯತೆಯನ್ನು ಮೊದಲೇ ತಳ್ಳಿಹಾಕುವಂತಿಲ್ಲ.

ಕೆಲ್ಟಿಕ್ ಸಾಕ್ಷ್ಯಗಳಲ್ಲಿ ಕಾಲ ಖಚಿತವಾಗಿರುವುದು ಐರ್ಲೆಂಡಿನದಲ್ಲ, ರೋಮನ್ ಆಳ್ವಿಕೆಯ ಬ್ರಿಟನ್ನಿನದು. ಉತ್ತರ ಇಂಗ್ಲೆಂಡಿನ ಬ್ರಿಗಾಂತೆಸ್ ಜನರ ನಾಡಿನಲ್ಲಿ ಬ್ರಿಗಾಂತಿಯಾ ಎಂಬ ದೇವತೆಗೆ ಅರ್ಪಿಸಿದ ಲ್ಯಾಟಿನ್ ಶಾಸನಗಳು ದೊರೆತಿವೆ. ಯಾರ್ಕ್‌ಷೈರಿನ ಗ್ರೀಟ್‌ಲೆಂಡಿನಲ್ಲಿ ಸಿಕ್ಕ ಬಲಿಪೀಠದಲ್ಲಿ ಅಂದಿನ ಕಾನ್ಸಲರ ಹೆಸರುಗಳಿರುವುದರಿಂದ ಅದರ ಕಾಲ ಕ್ರಿ.ಶ. 208 ಎಂದು ನಿರ್ಧಾರವಾಗುತ್ತದೆ. ಅಲ್ಲಿ ಆಕೆ ರೋಮನ್ನರ ವಿಜಯದೇವತೆಯೊಡನೆ ಬೆಸೆದುಕೊಂಡಿದ್ದಾಳೆ. ಸ್ಕಾಟ್ಲೆಂಡಿನ ಬಿರೆನ್ಸ್ ಕೋಟೆಯಲ್ಲಿ ಅಮಾಂದುಸ್ ಎಂಬ ಸೈನ್ಯದ ವಾಸ್ತುಶಿಲ್ಪಿ ಮಾಡಿಸಿದ ಉಬ್ಬುಶಿಲ್ಪದಲ್ಲಿ ಆಕೆಯ ಕೈಯಲ್ಲಿ ಈಟಿ, ಎದೆಯ ಮೇಲೆ ಗೋರ್ಗಾನ್ ಮುಖ, ತಲೆಯ ಮೇಲೆ ಕೋಟೆಯಾಕಾರದ ಕಿರೀಟವಿದೆ. ಇವು ಮಿನರ್ವಾ ದೇವತೆಯ ಮತ್ತು ನಗರರಕ್ಷಕಿಯರ ಲಕ್ಷಣಗಳು. ಎರಡನೆಯ ಶತಮಾನದ ಟಾಲೆಮಿಯ ಭೂಗೋಳ ಗ್ರಂಥ ಐರ್ಲೆಂಡಿನ ಆಗ್ನೇಯ ಮೂಲೆಯಲ್ಲಿಯೂ ಬ್ರಿಗಾಂತೆಸ್ ಎಂಬ ಜನರನ್ನು ಗುರುತಿಸುತ್ತದೆ. ವೆಲ್ಷ್ ಭಾಷೆಯಲ್ಲಿ ‘ಅರಸ’ ಎಂಬರ್ಥದ ಬ್ರೆನಿನ್ *ಬ್ರಿಗಂತೀನೋಸ್ ಎಂಬುದರಿಂದ ನಿಷ್ಪನ್ನ. ಬ್ರಿಟನ್ನಿನಲ್ಲಿ ಈ ಪದಕ್ಕೆ ನಾಡು, ಒಡೆತನ, ಜಯ ಇವುಗಳೊಡನೆ ನಂಟಿತ್ತೆಂದು ಇಷ್ಟರಿಂದ ಹೇಳಬಹುದು. ಕಾವ್ಯದೊಡನೆಯಾಗಲಿ ಬೆಂಕಿಯೊಡನೆಯಾಗಲಿ ನಂಟಿತ್ತೆಂದು ಹೇಳಲು ಈ ಕಲ್ಲುಗಳಲ್ಲಿ ಆಧಾರವಿಲ್ಲ.

ಐರ್ಲೆಂಡಿಗೆ ಬಂದರೆ ಲಿಖಿತ ದಾಖಲೆಗಳಲ್ಲಿ ಮೊದಲು ಕಾಣಿಸುವವಳು ದೇವತೆಯಲ್ಲ, ಸಂತೆ. ಕಿಲ್ಡೇರಿನ ಮಠವನ್ನು ಸ್ಥಾಪಿಸಿದಳೆಂದು ಪ್ರಸಿದ್ಧಳಾದ ಬ್ರಿಗಿತ್ ಸುಮಾರು 525ರಲ್ಲಿ ತೀರಿಕೊಂಡಳೆಂಬುದು ಸಂಪ್ರದಾಯ. ಆಕೆಯ ಚರಿತ್ರೆಯನ್ನು ಲ್ಯಾಟಿನ್‌ನಲ್ಲಿ ಬರೆದ ಕೊಗಿತೋಸುಸ್ ಏಳನೆಯ ಶತಮಾನದವನು. ಸಂತೆಯ ತಾಯಿ ದಾಸಿಯಾಗಿದ್ದಳು, ತಂದೆ ದುವ್‌ಥಾಖ್ ಒಡೆಯನಾಗಿದ್ದ ಎಂಬ ಕಥೆ ಅನಂತರದ ಚರಿತ್ರೆಗಳಲ್ಲಿ ವಿಸ್ತಾರವಾಗಿ ಬರುತ್ತದೆ. ‘ಉನ್ನತಳಾದವಳು’ ಎಂಬ ಹೆಸರು ದಾಸಿಯ ಮಗಳಿಗೆ ಬಂದಿತ್ತು ಎಂಬುದನ್ನು ಅವನ್ನು ಬರೆದವರು ಗಮನಿಸಿದಂತಿಲ್ಲ. ಅವರ ಕಾಲಕ್ಕೆ ಆ ಅರ್ಥ ಯಾರಿಗೂ ಕೇಳಿಸುತ್ತಿರಲಿಲ್ಲ. ಐರಿಷ್ ಭಾಷೆಯಲ್ಲಿ ಪದಾಂತ್ಯದ ಸ್ವರಗಳು ಬಿದ್ದುಹೋದದ್ದು ಸುಮಾರು 500ರ ಆಸುಪಾಸಿನಲ್ಲಿ, ಮಧ್ಯಸ್ವರಲೋಪ ನಡೆದದ್ದು ಆರನೆಯ ಶತಮಾನದಲ್ಲಿ. ಸಂತೆಯ ಸಾಂಪ್ರದಾಯಿಕ ಕಾಲವನ್ನು ಒಪ್ಪಿದರೆ, ಆಕೆಯ ಬಾಲ್ಯದಲ್ಲಿ ಮನೆಯವರು ಕರೆದ ಹೆಸರಿನ ಕೊನೆಯಲ್ಲಿ ಇನ್ನೂ ಸ್ವರವಿದ್ದಿರಬಹುದು, ಮುಪ್ಪಿನಲ್ಲಿ ಶಿಷ್ಯೆಯರು ಕರೆದ ಹೆಸರಿನಲ್ಲಿ ಅದು ಇರಲಿಲ್ಲ. ಭಾಷೆ ಅಷ್ಟು ವೇಗವಾಗಿ ಸವೆಯುತ್ತಿದ್ದ ಕಾಲ ಅದು. ‘ಅಂತ್’ ಪ್ರತ್ಯಯ ಕರಗಿ ಗುರುತು ಸಿಗದಂತಾದ ಮೇಲೆ ಹೆಸರು ಐರಿಷ್ ಮಾತಾಡುವವರ ಪಾಲಿಗೆ ಒಂದು ಮುಚ್ಚಿದ ಪೆಟ್ಟಿಗೆಯಾಯಿತು.

ಮುಚ್ಚಿದ ಪೆಟ್ಟಿಗೆಯನ್ನು ತೆರೆಯಲು ಯತ್ನಿಸಿದವನು ‘ಸನಸ್ ಕೊರ್ಮಿಕ್’ ಎಂಬ ಕೋಶದ ಕರ್ತೃ. ಕಾಶೆಲಿನ ಅರಸನೂ ಬಿಷಪ್ಪನೂ ಆಗಿದ್ದು 908ರ ಯುದ್ಧದಲ್ಲಿ ಸತ್ತ ಕೊರ್ಮಾಕ್ ಮಾಕ್ ಕುಲೆನಾನ್‌ನ ಹೆಸರಿಗೆ ಈ ಕೋಶ ಸಂದಿದೆ. ಬ್ರಿಗಿತ್ ಎಂಬ ನಮೂದಿನಲ್ಲಿ ಆಕೆ ದಗ್ದನ ಮಗಳು, ಕವಿಗಳು ಆರಾಧಿಸುತ್ತಿದ್ದ ದೇವತೆ, ವೈದ್ಯದ ಬ್ರಿಗಿತ್ ಮತ್ತು ಕಮ್ಮಾರಿಕೆಯ ಬ್ರಿಗಿತ್ ಎಂಬ ಇಬ್ಬರು ಸೋದರಿಯರು ಆಕೆಗಿದ್ದರು ಎಂಬ ವಿವರಗಳಿವೆ. ಪುರಾಣದ ದೃಷ್ಟಿಯಿಂದ ಇದಕ್ಕಿಂತ ಬೆಲೆಯುಳ್ಳ ಐರಿಷ್ ಉಲ್ಲೇಖ ಮತ್ತೊಂದಿಲ್ಲ. ನಮೂದಿನ ಕೊನೆಯಲ್ಲಿ ಹೆಸರಿನ ವಿವರಣೆ: ಬ್ರೆಯೊ ಎಂದರೆ ಜ್ವಾಲೆ, ಸಗೆತ್ ಎಂದರೆ ಬಾಣ, ಎರಡೂ ಕೂಡಿ ‘ಬೆಂಕಿಯ ಬಾಣ’.

ಈ ನಿಷ್ಪತ್ತಿ ಧ್ವನಿನಿಯಮಗಳಿಗೆ ಹೊಂದುವುದಿಲ್ಲ ಎಂಬುದು ವಿದ್ಯಾರ್ಥಿಗಳಿಗೆಲ್ಲ ತಿಳಿದ ವಿಷಯ. ಅದಕ್ಕಿಂತ ಮುಖ್ಯವಾದ ಇನ್ನೊಂದು ಅಂಶವಿದೆ. ಸಗೆತ್ ಎಂಬುದು ಐರಿಷಿನ ಸ್ವಂತ ಪದವೇ ಅಲ್ಲ. ಅದು ಲ್ಯಾಟಿನ್‌ನ ಸಗಿತ್ತಾದಿಂದ ಪಡೆದ ಎರವಲು. ಕ್ರೈಸ್ತಪೂರ್ವ ಐರ್ಲೆಂಡಿನ ಪ್ರಾಚೀನ ಅಗ್ನಿದೇವತೆಯ ಹೆಸರೆಂದು ಇಂದು ಪ್ರಚಾರದಲ್ಲಿರುವ ‘ಬೆಂಕಿಯ ಬಾಣ’ದ ಅರ್ಧಭಾಗ ರೋಮಿನಿಂದ ಬಂದದ್ದು. ಲ್ಯಾಟಿನ್ ಸಂಪರ್ಕಕ್ಕೆ ಮೊದಲು ಈ ಸಮಾಸ ಹುಟ್ಟುವುದೇ ಸಾಧ್ಯವಿರಲಿಲ್ಲ. ಹಾಗೆಂದು ಇದನ್ನು ತಪ್ಪೆಂದು ಬದಿಗೊತ್ತಿ ಮುಂದೆ ಹೋಗುವವರೊಡನೆ ನನಗೆ ಸಹಮತವಿಲ್ಲ. ಕೋಶಕಾರನ ಎದುರಿಗಿದ್ದ ಮಾದರಿ 636ರಲ್ಲಿ ತೀರಿಕೊಂಡ ಸೆವಿಲಿನ ಇಸಿಡೋರನ ನಿಷ್ಪತ್ತಿಗ್ರಂಥ. ಪದದ ಧ್ವನಿಯಲ್ಲಿ ಅದು ಹೆಸರಿಸುವ ವಸ್ತುವಿನ ಸ್ವಭಾವ ಅಡಗಿರುತ್ತದೆ, ಅದನ್ನು ಹೊರತೆಗೆಯುವುದು ಪಂಡಿತನ ಕೆಲಸ ಎಂಬುದು ಅದರ ನಂಬಿಕೆ. ಅಗ್ನಿ ಎಂಬ ಒಂದೇ ಹೆಸರಿಗೆ ಹಲವು ನಿರ್ವಚನಗಳನ್ನು ಒಟ್ಟಿಗೆ ಕೊಟ್ಟು, ಯಾವುದನ್ನೂ ಬಿಟ್ಟುಕೊಡದ ಯಾಸ್ಕನ ನಿರುಕ್ತವನ್ನು ಓದಿದವರಿಗೆ ಈ ಮನೋಧರ್ಮ ಅಪರಿಚಿತವಲ್ಲ. ಕೋಶಕಾರನ ವಿವರಣೆ ಪದದ ಹುಟ್ಟಿಗೆ ಸಾಕ್ಷಿಯಲ್ಲದಿದ್ದರೂ, ಹತ್ತನೆಯ ಶತಮಾನದ ಹೊತ್ತಿಗೆ ಬ್ರಿಗಿತ್ ಎಂದರೆ ಬೆಂಕಿ ನೆನಪಾಗುತ್ತಿತ್ತು ಎಂಬುದಕ್ಕೆ ನಂಬಲರ್ಹ ಸಾಕ್ಷಿ.

ಬೆಂಕಿ ಎಲ್ಲಿಂದ ಬಂತು ಎಂಬ ಪ್ರಶ್ನೆಗೆ ಸಂತೆಯ ಚರಿತ್ರೆಗಳೇ ಒಂದು ಉತ್ತರವನ್ನು ಕೊಡುತ್ತವೆ. ಆಕೆ ಮಲಗಿದ್ದ ಮನೆ ಉರಿಯುತ್ತಿರುವಂತೆ ನೆರೆಯವರಿಗೆ ಕಂಡಿತು. ಓಡಿಬಂದು ನೋಡಿದರೆ ಬೆಂಕಿಯಿರಲಿಲ್ಲ. ತಾಯಿ ಸೂರ್ಯೋದಯದ ಹೊತ್ತಿಗೆ ಹಾಲು ಹೊತ್ತು ಬರುತ್ತ ಒಂದು ಕಾಲು ಹೊಸ್ತಿಲ ಒಳಗೆ, ಒಂದು ಕಾಲು ಹೊರಗೆ ಇರುವಾಗ ಆಕೆ ಹುಟ್ಟಿದಳು. ಮಳೆಯಲ್ಲಿ ನೆಂದ ಮೇಲುಹೊದಿಕೆಯನ್ನು ಸೂರ್ಯಕಿರಣದ ಮೇಲೆ ಒಣಹಾಕಿದಳು. ಕೆಲವು ತೌಲನಿಕ ವಿದ್ವಾಂಸರು ಇವುಗಳಲ್ಲಿ ಇಂಡೋ-ಯುರೋಪಿಯನ್ ಉಷೋದೇವತೆಯ ಪಳೆಯುಳಿಕೆಯನ್ನು ಕಂಡಿದ್ದಾರೆ, ಋಗ್ವೇದದ ಐದನೆಯ ಮಂಡಲದಲ್ಲಿ ಉಷೆಗೆ ಬೃಹತೀ ಎಂಬ ವಿಶೇಷಣವಿರುವುದನ್ನು ಆಧಾರವಾಗಿ ತೋರಿಸಿದ್ದಾರೆ. ಈ ಊಹೆಯ ಸೊಗಸು ಅಲ್ಲಗಳೆಯುವಂಥದ್ದಲ್ಲ. ಆದರೆ ಅದೇ ವಿಶೇಷಣ ದ್ಯಾವಾಪೃಥಿವಿಗಳಿಗೂ ಸಲ್ಲುತ್ತದೆಂಬುದನ್ನು ಮೇಲೆ ನೋಡಿದ್ದೇವೆ. ವಿಶೇಷಣದ ಸಾಮ್ಯ ಕಥೆಯ ಸಾಮ್ಯವನ್ನು ಬಲಪಡಿಸಬಲ್ಲದೇ ಹೊರತು ಅದರ ಜಾಗವನ್ನು ತುಂಬಲಾರದು. ಕವಿಗಳ ದೇವತೆಯೆಂಬ ಕಾರಣಕ್ಕೆ ಬ್ರಿಗಿತ್‌ಳನ್ನು ವಾಚಸ್ಪತಿಯಾದ ಬೃಹಸ್ಪತಿಯೊಡನೆ ಜೋಡಿಸುವ ಆಸೆಯೂ ಭಾರತೀಯ ಓದುಗರಲ್ಲಿ ಮೂಡುವುದು ಸಹಜ. ಆ ಹೆಸರಿನ ಪೂರ್ವಪದವನ್ನು ಬ್ರಹ್ಮನ್ ಶಬ್ದದ ಕಡೆಗೆ ಒಯ್ಯುವ ವಿದ್ವಾಂಸರು ಹಲವರಿರುವುದರಿಂದ ಆ ಸೇತುವೆ ಭಾರ ತಾಳುವುದಿಲ್ಲ.

ಕಿಲ್ಡೇರಿನ ಆರದ ಬೆಂಕಿಯ ವಿಷಯದಲ್ಲಿಯೂ ಕಾಲಾನುಕ್ರಮವನ್ನು ಮರೆಯಬಾರದು. ಹತ್ತೊಂಬತ್ತು ಸನ್ಯಾಸಿನಿಯರು ಸರದಿಯಂತೆ ಒಂದೊಂದು ರಾತ್ರಿ ಕಾಯುತ್ತಿದ್ದರು, ಇಪ್ಪತ್ತನೆಯ ರಾತ್ರಿಯನ್ನು ಬ್ರಿಗಿತ್‌ಳಿಗೇ ಬಿಡುತ್ತಿದ್ದರು, ಬೇಲಿಯೊಳಗೆ ಗಂಡಸರು ಕಾಲಿಡುವಂತಿರಲಿಲ್ಲ ಎಂದು ಬರೆದವನು ವೇಲ್ಸಿನ ಜೆರಾಲ್ಡ್. ಅದು 1180ರ ದಶಕದ ಬರವಣಿಗೆ. ಅವನಿಗಿಂತ ಐದು ಶತಮಾನ ಹಿಂದಿನವನಾದ ಕೊಗಿತೋಸುಸ್ ಅದೇ ಕಿಲ್ಡೇರಿನ ಚರ್ಚಿನ ಗೋಡೆ, ಬಾಗಿಲು, ಸಮಾಧಿಗಳ ಮೇಲೆ ತೂಗುವ ಚಿನ್ನಬೆಳ್ಳಿಯ ಕಿರೀಟಗಳನ್ನು ಬಿಡದೆ ವರ್ಣಿಸುತ್ತಾನೆ, ಆದರೆ ಆರದ ಬೆಂಕಿಯ ಮಾತೆತ್ತುವುದಿಲ್ಲ. ಮೌನದಿಂದ ನಿರ್ಣಯಕ್ಕೆ ಬರುವುದು ಅಪಾಯವೆಂಬುದು ನಿಜ. ಆದರೂ ಬೆಂಕಿಯ ಪದನಿಷ್ಪತ್ತಿ ಮತ್ತು ಬೆಂಕಿಯ ಆಚರಣೆ ಎರಡೂ ಕೊಗಿತೋಸುಸ್‌ನ ನಂತರದ ದಾಖಲೆಗಳಲ್ಲಿಯೇ ಕಾಣಿಸುತ್ತವೆ ಎಂಬುದನ್ನು ಮರೆಮಾಚಲಾಗದು. ಹೆಸರಿನ ವಿವರಣೆ ಆಚರಣೆಗೆ ಇಂಬುಕೊಟ್ಟಿರುವುದು ಅಸಂಭವವೇನಲ್ಲ.

ಮೂರನೆಯ ಅರ್ಥವಾದ ‘ಶಕ್ತಿ’ ಇನ್ನೂ ಗೋಜಲಿನದು. ಹಳೆಯ ಐರಿಷಿನಲ್ಲಿ ಬ್ರೀಗ್ ಎಂದರೆ ಬಲ, ಪ್ರಭಾವ, ಬೆಲೆ. ಅದರ ಸ್ವರ ದೀರ್ಘ. ಬ್ರಿಗಿತ್‌ನ ಸ್ವರ ಹ್ರಸ್ವ. ಧಾತುವೂ ಬೇರೆ. ಧ್ವನಿವಿಜ್ಞಾನಕ್ಕೆ ಇಷ್ಟು ಸಾಕು, ಸಾಹಿತ್ಯಚರಿತ್ರೆಗೆ ಸಾಲದು. ‘ಮಗ್ ತುರೆದ್ ಕದನ’ ಎಂಬ ಕಥೆಯಲ್ಲಿ ದಗ್ದನ ಮಗಳು, ಬ್ರೆಸ್‌ನ ಹೆಂಡತಿ ಬರುತ್ತಾಳೆ. ಯುದ್ಧದಲ್ಲಿ ಸತ್ತ ಮಗ ರುವದಾನನಿಗಾಗಿ ಆಕೆ ಅತ್ತದ್ದೇ ಐರ್ಲೆಂಡಿನಲ್ಲಿ ಕೇಳಿಬಂದ ಮೊದಲ ಶೋಕಗೀತವೆಂದು ಕಥೆ ಹೇಳುತ್ತದೆ. ಆಕೆಯನ್ನು ಎಲ್ಲರೂ ಬ್ರಿಗಿತ್ ದೇವತೆಯೆಂದೇ ಉಲ್ಲೇಖಿಸುತ್ತಾರೆ, ಆದರೆ ಅಲ್ಲಿ ಬರುವ ಹೆಸರು ಬ್ರೀಗ್. ಐರಿಷ್ ನ್ಯಾಯಗ್ರಂಥಗಳಲ್ಲಿ ಇನ್ನೊಬ್ಬ ಬ್ರೀಗ್ ಇದ್ದಾಳೆ. ಹೆಂಗಸರು ಭೂಮಿಯ ಹಕ್ಕನ್ನು ಸಾಧಿಸುವ ವಿಧಿ ಗಂಡಸರದೇ ಆಗಿರಬೇಕೆಂದು ಶೆನ್ಖ ಎಂಬ ನ್ಯಾಯಾಧಿಪತಿ ತೀರ್ಪಿತ್ತಾಗ ಅವನ ಕೆನ್ನೆಗಳ ಮೇಲೆ ಬೊಕ್ಕೆಗಳೆದ್ದವು. ಬ್ರೀಗ್ ತೀರ್ಪನ್ನು ತಿದ್ದಿದ ಮೇಲೆಯೇ ಅವು ಮಾಯ್ದವು. ಈ ಬ್ರೀಗ್ ಆ ಬ್ರೀಗ್ ಒಬ್ಬಳೇ, ಇಬ್ಬರೂ ಬ್ರಿಗಿತ್‌ಳ ಕಿರುಹೆಸರೇ? ಮಧ್ಯಯುಗದ ಲಿಪಿಕಾರರೇ ಎರಡು ಪದಗಳನ್ನು ಹತ್ತಿರ ತಂದಿದ್ದರೆಂದು ಒಪ್ಪುವುದು ಕ್ಷೇಮ. ವ್ಯುತ್ಪತ್ತಿಯಲ್ಲಿ ಬೇರೆಯಾದ ಪದಗಳು ಪುರಾಣದಲ್ಲಿ ಒಂದಾಗಬಾರದೆಂಬ ನಿಯಮವೇನೂ ಇಲ್ಲ.

ಇನ್ನು ಹೆಸರು ಜನರ ನಡುವೆ ಬದುಕಿದ ಬಗೆ. ಮಧ್ಯಯುಗದ ಬಹುಭಾಗದಲ್ಲಿ ಐರಿಷರು ತಮ್ಮ ಹೆಣ್ಣುಮಕ್ಕಳಿಗೆ ಬ್ರಿಗಿತ್ ಎಂದು ನೇರವಾಗಿ ಹೆಸರಿಡುವುದು ವಿರಳವಾಗಿತ್ತು. ಪೂಜ್ಯಳ ಹೆಸರನ್ನು ಹಾಗೆಯೇ ಎತ್ತಿಕೊಳ್ಳುವುದು ಸಲುಗೆಯೆನಿಸುತ್ತಿತ್ತು. ಅದರ ಬದಲು ಗಂಡುಮಕ್ಕಳು ಮಯಲ್ ಬ್ರಿಗ್ತೆ, ಅಂದರೆ ‘ಬ್ರಿಗಿತ್‌ಳಿಗಾಗಿ ತಲೆ ಬೋಳಿಸಿಕೊಂಡವನು’ ಎಂದೋ, ಗಿಲ್ಲ ಬ್ರಿಗ್ತೆ, ಅಂದರೆ ‘ಬ್ರಿಗಿತ್‌ಳ ಆಳು’ ಎಂದೋ ಹೆಸರು ಪಡೆದರು. ಜರ್ಮನಿಯ ಮೈಂಟ್ಸಿನಲ್ಲಿ 1082ರಲ್ಲಿ ತೀರಿಕೊಂಡ ಚರಿತ್ರಕಾರ ಮರಿಯಾನುಸ್ ಸ್ಕೋತುಸ್‌ನ ಐರಿಷ್ ಹೆಸರು ಮಯಲ್ ಬ್ರಿಗ್ತೆ. ಗಿಲ್ಲ ಬ್ರಿಗ್ತೆಯ ಸಂತತಿಯವರು ಮಾಕ್ ಗಿಲ್ಲ ವ್ರೀದೆ ಎನಿಸಿಕೊಂಡರು. ಇಂಗ್ಲಿಷಿನ ಮ್ಯಾಕ್‌ಬ್ರೈಡ್, ಕಿಲ್‌ಬ್ರೈಡ್ ಮನೆತನದ ಹೆಸರುಗಳು ಹುಟ್ಟಿದ್ದು ಹೀಗೆ. ವೇಲ್ಸಿನಲ್ಲಿ ಆಕೆ ಸಂತ ಫ್ರೈದ್ ಆದಳು. ಲಂಡನ್ನಿನ ಸೇಂಟ್ ಬ್ರೈಡ್ ಚರ್ಚಿನ ಬಳಿಯ ಬಾವಿಯ ಹೆಸರಿನಿಂದ ಬ್ರೈಡ್‌ವೆಲ್ ಎಂಬ ಅರಮನೆ, ಆ ಅರಮನೆ ಬಂದೀಖಾನೆಯಾದ ಮೇಲೆ ಬಂದೀಖಾನೆಗಳಿಗೆಲ್ಲ ಬ್ರೈಡ್‌ವೆಲ್ ಎಂಬ ಸಾಮಾನ್ಯನಾಮ ಬಂತು. ಅರ್ಥ ಎಲ್ಲಿಂದ ಎಲ್ಲಿಗೆ ಇಳಿಯಿತೆಂದು ನೋಡಿದರೆ ನಗು ಬರುತ್ತದೆ.

ಹದಿನೇಳನೆಯ ಶತಮಾನದಿಂದೀಚೆಗೆ ಆ ಸಂಕೋಚ ಸಡಿಲಿ ಹೆಸರು ಮನೆಮನೆಯದಾಯಿತು. ಇಷ್ಟು ಸಾಮಾನ್ಯವಾದದ್ದೇ ಅದಕ್ಕೆ ಮುಳುವಾಯಿತು. 1840ರ ದಶಕದ ಮಹಾಕ್ಷಾಮದ ನಂತರ ಅಮೆರಿಕದ ನಗರಗಳಿಗೆ ವಲಸೆ ಹೋದ ಐರಿಷ್ ಯುವತಿಯರಲ್ಲಿ ಬಹಳ ಮಂದಿ ಮನೆಗೆಲಸಕ್ಕೆ ಸೇರಿದರು. ಬ್ರಿಜೆಟ್, ಅದರ ಮೊಟಕು ರೂಪ ಬಿಡ್ಡಿ, ಎರಡೂ ಐರಿಷ್ ಕೆಲಸದವಳೆಂಬುದಕ್ಕೆ ಪರ್ಯಾಯವಾದವು. ಹಾಸ್ಯಪತ್ರಿಕೆಗಳ ವ್ಯಂಗ್ಯಚಿತ್ರಗಳಲ್ಲಿ ದಡೂತಿ ಮೈಯ, ಪಾತ್ರೆ ಒಡೆಯುವ ಬ್ರಿಜೆಟ್ ಸಿದ್ಧಪಾತ್ರವಾದಳು. ನಿಜವಾಗಿ ಆ ಹೆಸರಿದ್ದ ಹೆಂಗಸರು ಡೀಲಿಯಾ, ಬರ್ತಾ ಎಂಬ ಬೇರೆ ಹೆಸರುಗಳ ಮರೆಗೆ ಸರಿದರು, ಮಕ್ಕಳಿಗಂತೂ ಅದನ್ನು ಇಡಲಿಲ್ಲ. ಅಂಕಿತನಾಮವೊಂದು ವರ್ಗನಾಮವಾಗಿ ಕುಸಿಯುವುದಕ್ಕೆ ಇಷ್ಟು ವಿವರವಾದ ಸಾಮಾಜಿಕ ದಾಖಲೆಗಳುಳ್ಳ ಉದಾಹರಣೆಗಳು ಹೆಚ್ಚಿಲ್ಲ. ಅರ್ಥಾಪಕರ್ಷವನ್ನು ಅಧ್ಯಯನ ಮಾಡುವವರು ಬೈಗುಳಗಳ ಕಡೆಗೆ ತೋರುವ ಗಮನವನ್ನು ಇಂಥ ಹೆಸರುಗಳ ಕಡೆಗೆ ತೋರಿಲ್ಲ ಎಂಬುದು ನನ್ನ ಆಕ್ಷೇಪ.

ಐರ್ಲೆಂಡಿನೊಳಗೆ ನಡೆದ ಬದಲಾವಣೆ ಬೇರೆ ಬಗೆಯದು. ಸ್ವರಗಳ ನಡುವಣ ಘರ್ಷಧ್ವನಿ ಮಾತಿನಲ್ಲಿ ಎಂದೋ ಕರಗಿಹೋಗಿ ಹಿಂದಿನ ಸ್ವರವನ್ನು ದೀರ್ಘಗೊಳಿಸಿತ್ತು. ಬರವಣಿಗೆ ಮಾತ್ರ ಹಳೆಯ ಅಕ್ಷರಗಳನ್ನು ಉಳಿಸಿಕೊಂಡು ಬಂದಿತ್ತು. ಇಪ್ಪತ್ತನೆಯ ಶತಮಾನದ ಮಧ್ಯಭಾಗದ ಕಾಗುಣಿತ ಸುಧಾರಣೆಯಲ್ಲಿ ಉಚ್ಚರಿಸದ ಅಕ್ಷರಗಳು ಹೋಗಿ ಬ್ರೀದ್ ಎಂಬ ರೂಪ ಅಧಿಕೃತವಾಯಿತು. ಹಳೆಯ ಬ್ರೀಗ್ ಪದವೂ ಇದೇ ರೀತಿ ಕೊನೆಯ ವ್ಯಂಜನವನ್ನು ಕಳೆದುಕೊಂಡು ಬ್ರೀ ಆಗಿತ್ತು. ಒಂದು ಸಾವಿರ ವರ್ಷ ಸ್ವರದ ಅಳತೆಯಿಂದ ಬೇರೆಯಾಗಿ ನಿಂತಿದ್ದ ಎರಡು ಪದಗಳು ಈಗ ಕಣ್ಣಿಗೂ ಕಿವಿಗೂ ಅಕ್ಕತಂಗಿಯರಂತೆ ತೋರುತ್ತವೆ. ಕೈಪಿಡಿಗಳ ‘ಶಕ್ತಿ’ ಎಂಬ ಅರ್ಥ ಇಷ್ಟು ಸುಲಭವಾಗಿ ನಂಬಿಕೆ ಗಳಿಸುವುದು ಈ ತೋರಿಕೆಯ ಬಲದಿಂದ. ಇಂದಿನ ಐರಿಷಿನಲ್ಲಿ ಬ್ರೀ ಎಂಬುದಕ್ಕೆ ಕಸುವು ಎನ್ನುವುದರ ಜೊತೆಗೆ ‘ಅರ್ಥ’ ಎಂಬ ಅರ್ಥವೂ ಇದೆ. ಒಂದು ಪದದ ಅರ್ಥವೇನೆಂದು ಐರಿಷಿನಲ್ಲಿ ಕೇಳುವವರು ಬಳಸುವುದು ಅದನ್ನೇ.

ಫೆಬ್ರವರಿ 1, ಸಂತೆಯ ಹಬ್ಬ. ಅದೇ ದಿನ ಬೀಳುವ ಇಮ್ಬೊಲ್ಗ್ ಎಂಬ ಋತುಪರ್ವದ ಹೆಸರನ್ನು ‘ಕುರಿಯ ಹಾಲು’ ಎಂದು ಬಿಡಿಸಿದವನೂ ಮೇಲೆ ಹೇಳಿದ ಕೋಶಕಾರನೇ. 2023ರಿಂದ ಐರ್ಲೆಂಡಿನಲ್ಲಿ ಈ ಹಬ್ಬಕ್ಕೆ ಸಾರ್ವಜನಿಕ ರಜೆಯಿದೆ. ಹೆಣ್ಣೊಬ್ಬಳ ಹೆಸರಿನಲ್ಲಿ ಅಲ್ಲಿ ಘೋಷಣೆಯಾದ ಮೊದಲ ರಜೆ ಅದು. ಆ ದಿನದ ಭಾಷಣಗಳಲ್ಲಿ ದೇವತೆಯೂ ಸಂತೆಯೂ ಒಂದೇ ವಾಕ್ಯದಲ್ಲಿ ಬಂದುಹೋಗುತ್ತಾರೆ, ಶಾಲೆಯ ಮಕ್ಕಳು ಜೊಂಡುಹುಲ್ಲಿನಿಂದ ಬ್ರಿಗಿತ್‌ಳ ಶಿಲುಬೆಯನ್ನು ಹೆಣೆಯುತ್ತಾರೆ. ಹೆಣೆಯುವ ಹುಡುಗಿಯರಲ್ಲಿ ಬ್ರೀದ್ ಎಂಬ ಹೆಸರಿನವರು ಅವರ ಅಜ್ಜಿಯರ ತಲೆಮಾರಿನಷ್ಟು ಸಿಗುವುದಿಲ್ಲ.